ಕೊಲ್ಹಾಪುರದಲ್ಲಿ ಮೊಳಗಿದ ಮೊದಲ ಕನ್ನಡ ಹಾಡು

ಗಡಹಿಂಗ್ಲಜದಿಂದ ಕೊಲ್ಹಾಪುರಕ್ಕೆ ಹೊರಟವರು ಸಂಕೇಶ್ವರ, ನಿಪ್ಪಾಣಿಗಳ ದಾರಿ ಹಿಡಿದರೆ ಒಂದೇ ಪ್ರಯಾಣದಲ್ಲಿ ಗಡಿಯನ್ನು ಎರಡು ಸಲ ದಾಟುತ್ತಾರೆ. ಹಿರಣ್ಯಕೇಶಿಯ ದಂಡೆಯಲ್ಲಿ ಕನ್ನಡ, ಮರಾಠಿಗಳೆರಡನ್ನೂ ಕೇಳುತ್ತ ಬಸ್ಸು ಹತ್ತಿದವರಿಗೆ ಈ ಗೆರೆಯ ನೆನಪಾಗುವುದು ಫಲಕಗಳ ಲಿಪಿ ಬದಲಾದಾಗ ಮಾತ್ರ.

ಈ ಸಲ ನನ್ನ ಜೊತೆಗಿದ್ದವನು ಅಕ್ಕನ ಮಗ. ಓದಿದ್ದು ಮರಾಠಿ ಶಾಲೆಯಲ್ಲಿ, ಉದ್ಯೋಗ ಇಚಲಕರಂಜಿಯಲ್ಲಿ. ರಾತ್ರಿಯ ಹೊತ್ತು ಕಂಪ್ಯೂಟರಿನ ಮುಂದೆ ಕುಳಿತು ಗೆಳೆಯರ ಕಿರುಚಿತ್ರಗಳಿಗೆ ಸಂಗೀತ ಹೊಂದಿಸುತ್ತಾನೆ. ಈಗ ಮೊದಲ ಬಾರಿಗೆ ಒಂದು ಕನ್ನಡ ಚಿತ್ರ ಒದಗಿಬಂದಿದೆ, ಒಪ್ಪಿಕೊಳ್ಳಲು ಅಳುಕು.

"ಮಾಮಾ, ಕನ್ನಡ ಸಿನಿಮಾಕ್ಕ ಸಂಗೀತ ಮಾಡಾಕ ಬೆಂಗಳೂರಾಗ ಇರಬೇಕ್ರಿ. ಇಲ್ಲಿ ಕುಂತು ಮಾಡಿದ್ರ ಯಾರು ಕೇಳ್ತಾರ?"

"ಮೊದಲನೇ ಕನ್ನಡ ಸಿನಿಮಾದ ಹಾಡು ಎಲ್ಲಿ ಹಾಡಿದ್ರು, ಗೊತ್ತೈತೇನು?" ಎಂದೆ. ಅವನಿಗೆ ತಿಳಿದಿರಲಿಲ್ಲ.

ಕೊಲ್ಹಾಪುರವು ಬಾಬುರಾವ್ ಪೇಂಟರರ ಮೂಕಚಿತ್ರಗಳ ನಗರ. ಪ್ರಭಾತ್ ಸಂಸ್ಥೆ 1929ರಲ್ಲಿ ಹುಟ್ಟಿದ್ದೂ ಇಲ್ಲಿಯೇ. ಅದರ 'ಅಯೋಧ್ಯೇಚಾ ರಾಜಾ' ಚಿತ್ರಕ್ಕೆ 1932ರಲ್ಲಿ ಸಂಗೀತ ನೀಡಿದವರು ಗೋವಿಂದರಾವ್ ಟೆಂಬೆಯವರು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' ಚಿತ್ರೀಕರಣಗೊಂಡದ್ದು ಇದೇ ಊರಿನ ಛತ್ರಪತಿ ಸ್ಟುಡಿಯೋದಲ್ಲಿ. ನಿರ್ದೇಶಕರು ವೈ. ವಿ. ರಾವ್, ಮುಖ್ಯ ಪಾತ್ರಗಳಲ್ಲಿ ಸುಬ್ಬಯ್ಯ ನಾಯ್ಡು, ತ್ರಿಪುರಾಂಬ ಹಾಗೂ ಆರ್. ನಾಗೇಂದ್ರರಾಯರು. ನಾಗೇಂದ್ರರಾಯರು ಎಚ್. ಆರ್. ಪದ್ಮನಾಭಶಾಸ್ತ್ರಿಗಳೊಡನೆ ಸಂಗೀತದ ಹೊಣೆಯನ್ನೂ ಹೊತ್ತಿದ್ದರು. ಚಿತ್ರ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಿತು.

ನಮ್ಮ ದೇಶದ ಚಿತ್ರಗಳಲ್ಲಿ ಹಿನ್ನೆಲೆ ಗಾಯನ ಬಂದದ್ದು 1935ರಲ್ಲಿ. ಅದಕ್ಕೆ ಮೊದಲು ನಟರೇ ಕ್ಯಾಮೆರಾದ ಮುಂದೆ ಹಾಡಬೇಕಿತ್ತು. ವಾದ್ಯದವರು ಕಣ್ಣಿಗೆ ಬೀಳದಂತೆ ಮರೆಯಲ್ಲಿ ಕುಳಿತು ನುಡಿಸಬೇಕಿತ್ತು. ಒಂದು ಸ್ವರ ತಪ್ಪಿದರೂ ಮತ್ತೆ ಮೊದಲಿನಿಂದ ಆರಂಭ. ಅಷ್ಟು ಶ್ರಮದ ಆ ಚಿತ್ರದ ಪ್ರತಿ ಇಂದು ಉಳಿದಿಲ್ಲ.

ಪಂಚಗಂಗೆಯ ಇಚಲಕರಂಜಿಗೆ ಬಂದಾಗ ಸಂಜೆಯಾಗಿತ್ತು. ಬೀದಿಬೀದಿಗಳಲ್ಲಿ ವಿದ್ಯುತ್ ಮಗ್ಗಗಳ ಸದ್ದು. ಗ್ವಾಲಿಯರ್ ಗಾಯಕಿಯನ್ನು ಈ ಸೀಮೆಗೆ ತಂದ ಬಾಳಕೃಷ್ಣಬುವಾ (1849–1926) ಹೆಸರಾದದ್ದು ಈ ಊರಿನ ಹೆಸರಿನಿಂದಲೇ. ಅವರ ಶಿಷ್ಯ ನೀಲಕಂಠಬುವಾ ಅವರಿಂದ ನಮ್ಮ ಮಲ್ಲಿಕಾರ್ಜುನ ಮನ್ಸೂರರು ಪಾಠ ಕಲಿತರು. ಮುಂದೆ ಅವರು ಆಶ್ರಯಿಸಿದ ಮಂಜೀಖಾನ್, ಭುರ್ಜೀಖಾನರು ಕೊಲ್ಹಾಪುರದ ಆಸ್ಥಾನ ಗಾಯಕ ಅಲ್ಲಾದಿಯಾಖಾನರ ಮಕ್ಕಳು. ರಾಗಕ್ಕೆ ಗಡಿಯ ಗೆರೆ ಅಡ್ಡ ಬರಲಿಲ್ಲ.

ಹುಡುಗ ಬಹಳ ಹೊತ್ತು ಮಗ್ಗದ ಸಪ್ಪಳ ಕೇಳುತ್ತ ನಿಂತ. ಬಳಿಕ ಊರಿಗೆ ಫೋನು ಮಾಡಿದ.

"ಅವ್ವಾ, ಆ ಬೀಸೂಕಲ್ಲಿನ ಹಾಡು ಒಮ್ಮೆ ಹಾಡು. ಹಿಡಿದಿಟ್ಕೋತೇನಿ."

ಅಕ್ಕ ನಾಚಿದಳು, ಆಮೇಲೆ ಹಾಡಿದಳು. ಅವನು ಆ ಚಿತ್ರವನ್ನು ಒಪ್ಪಿಕೊಂಡನೆಂದು ನನಗೆ ಆಗಲೇ ತಿಳಿಯಿತು.

ವಾಚಕ ಬಂಧುಗಳೇ, ಮೊದಲ ವಾಕ್ಚಿತ್ರದ ದನಿಯನ್ನು ನಾವು ಕಳೆದುಕೊಂಡಿದ್ದೇವೆ. ನಮ್ಮ ಮನೆಗಳ ತಾಯಂದಿರ ದನಿಯನ್ನಾದರೂ ಉಳಿಸಿಕೊಳ್ಳೋಣ.