ಜುಶಿಯ ಪೋಲಿ ಹುಡುಗರು

ಟೋಕಿಯೊದಿಂದ ಯೊಕೊಸುಕಾ ಲೈನಿನ ರೈಲು ಹತ್ತಿ ಒಂದು ತಾಸು ಕೂತರೆ ಜುಶಿ. ಈ ಸಲ ಕಡಲಿಗಿಂತ ಮೊದಲು ನೆನಪಾದದ್ದು ಪುರಸಭೆಯ 2014ರ ಕಟ್ಟಳೆ: ಮರಳ ಮೇಲೆ ಕುಡಿಯಬಾರದು, ಸ್ಪೀಕರ್ ಹಾಕಬಾರದು, ಹಚ್ಚೆ ತೋರಿಸಬಾರದು. ಯಾವ ಊರಿಗೆ ಬಂತಪ್ಪ ಈ ಮಡಿ!

ಎರಡನೇ ಮಹಾಯುದ್ಧ ಸೋತು ಹತ್ತು ವರ್ಷವಾಗಿದ್ದ ಕಾಲವನ್ನು ನೆನೆಯಿರಿ. ಪಕ್ಕದ ಯೊಕೊಸುಕಾದಲ್ಲಿ ಅಮೆರಿಕದ ನೌಕಾಪಡೆ ಬೀಡುಬಿಟ್ಟಿತ್ತು. ಜುಶಿಯಲ್ಲಿ ಉಳ್ಳವರ ಮಕ್ಕಳು ಯಾಟ್ ಏರಿ ಹುಡುಗಿಯರ ಹಿಂದೆ ಬಿದ್ದಿದ್ದರು. ಅವರಲ್ಲೊಬ್ಬ ಇಶಿಹಾರಾ ಯೂಜಿರೊ. ಹಡಗು ಕಂಪನಿಯಲ್ಲಿದ್ದ ಅಪ್ಪ 1951ರಲ್ಲಿ ತೀರಿಕೊಂಡ ಮೇಲೆ ಮನೆಯ ದುಡ್ಡನ್ನು ಮೋಜಿಗೆ ಉಡಾಯಿಸಿದ ಪುಣ್ಯಾತ್ಮ. ಅಣ್ಣ ಶಿಂತಾರೊ ಹಿತೋತ್ಸುಬಾಶಿ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದ ಜಾಣ. ತಮ್ಮ ಬಂದು ಹೇಳಿದ ಗೆಳೆಯರ ಪುಂಡಾಟಗಳನ್ನೇ ಹೆಣೆದು 1955ರಲ್ಲಿ ‘ತೈಯೊ ನೊ ಕಿಸೆತ್ಸು’ (ಸೂರ್ಯನ ಋತು) ಎಂಬ ಕಥೆ ಬರೆದ. ಅದರಲ್ಲಿ ಕಾಗದದ ಬಾಗಿಲಿಗೆ ತೂತು ಹಾಕುವ ಪ್ರಸಂಗವೊಂದಿದೆ. ಯಾವುದರಿಂದ ಎಂದು ಇಲ್ಲಿ ಬರೆಯಲಾರೆ. ಮರುವರ್ಷವೇ ಅದಕ್ಕೆ ಜಪಾನಿನ ಹೆಸರಾಂತ ಅಕುತಗಾವಾ ಸಾಹಿತ್ಯ ಪ್ರಶಸ್ತಿ! ಆಗ ಆತನಿಗೆ 23.

ಅದೇ ವರ್ಷ ಸಿನಿಮಾವೂ ಆಯಿತು. ಅದರಲ್ಲಿ ಚಿಕ್ಕ ಪಾತ್ರ ಮಾಡಿದ್ದ ತಮ್ಮ ಎರಡೇ ತಿಂಗಳಲ್ಲಿ ಇನ್ನೊಂದು ಚಿತ್ರಕ್ಕೆ ಹೀರೋ. ಹುಡುಗರು ಕ್ಷೌರದಂಗಡಿಗೆ ಹೋಗಿ ‘ಶಿಂತಾರೊ ಕ್ರಾಪು’ ಕೇಳತೊಡಗಿದರು. ಪತ್ರಿಕೆಗಳು ಇವರನ್ನು ‘ತೈಯೊಜೊಕು’, ಸೂರ್ಯಕುಲದವರು, ಎಂದು ಕರೆದವು. ಮಹಿಳಾ ಸಂಘಗಳು ರೊಚ್ಚಿಗೆದ್ದವು. ಗದ್ದಲ ಎಷ್ಟಾಯಿತೆಂದರೆ ಸಿನಿಮಾ ಪರಿಶೀಲನಾ ಮಂಡಳಿಯನ್ನೇ ಪುನಾರಚಿಸಬೇಕಾಯಿತು. ದೇಶದ ಆರ್ಥಿಕ ಶ್ವೇತಪತ್ರ ‘ಯುದ್ಧೋತ್ತರ ಕಾಲ ಮುಗಿಯಿತು’ ಎಂದು ಸಾರಿದ್ದೂ 1956ರಲ್ಲೇ.

ಯಾರಿಗೆ ಮುಗಿದಿತ್ತೋ! ಅದೇ ದಿನಗಳಲ್ಲಿ ಈಶಾನ್ಯದ ಹಳ್ಳಿಗಳಿಂದ ಆಗಷ್ಟೇ ಮಾಧ್ಯಮಿಕ ಶಾಲೆ ಮುಗಿಸಿದ 15 ವರ್ಷದ ಮಕ್ಕಳು ವಿಶೇಷ ರೈಲುಗಳಲ್ಲಿ ಟೋಕಿಯೊದ ಉಏನೊ ನಿಲ್ದಾಣಕ್ಕೆ ಬಂದಿಳಿಯುತ್ತಿದ್ದರು, ಕಾರ್ಖಾನೆ, ಅಂಗಡಿಗಳ ಕೆಲಸಕ್ಕೆ. ಪ್ರಾಯವೆಂದರೆ ಯಾಟ್ ಎಂದುಕೊಂಡ ಪತ್ರಿಕೆಗಳ ಮೇಲೆ ನನಗೆ ಈಗಲೂ ಸಣ್ಣ ಸಿಟ್ಟು.

ಜುಶಿಗೆ ಸಾಹಿತ್ಯದ ಗೀಳು ಹೊಸದಲ್ಲ. ತೊಕುತೊಮಿ ರೊಕಾನ ‘ಹೊತೊತೊಗಿಸು’ ಕಾದಂಬರಿಯ ನಮಿಕೊ ಕ್ಷಯ ಹಿಡಿದು ಆರೈಕೆಗೆ ಬರುವುದೂ ಇಲ್ಲಿಗೇ. ಅವಳ ನೆನಪಿನ ಕಲ್ಲು ನೀರಿನಲ್ಲೇ ನಿಂತಿದೆ. ಕೆಮ್ಮುತ್ತ ಸಾಯುವ ನಾಯಕಿಯ ಕಾಲದಲ್ಲಿ ಮಹಿಳಾ ಸಂಘಗಳಿಗೆ ಇಷ್ಟು ತಲೆನೋವಿರಲಿಲ್ಲ ಬಿಡಿ.

ಶಿಂತಾರೊ ಆಮೇಲೆ ರಾಜಕೀಯಕ್ಕಿಳಿದು 1999ರಿಂದ 2012ರವರೆಗೆ ಟೋಕಿಯೊದ ಗವರ್ನರ್. 2010ರಲ್ಲಿ ಎಳೆಯರ ನಡತೆ ಕೆಡಿಸುವ ಮಾಂಗಾ ಚಿತ್ರಕಥೆಗಳ ಮಾರಾಟಕ್ಕೆ ಕಡಿವಾಣ ಹಾಕುವ ಕಟ್ಟಳೆ ತಂದದ್ದು ಈ ಮಹಾಶಯರೇ. ದೊಡ್ಡ ದೊಡ್ಡ ಪ್ರಕಾಶಕರು ಸಿಟ್ಟಾಗಿ ಟೋಕಿಯೊದ ಆನಿಮೆ ಮೇಳಕ್ಕೆ ಬಹಿಷ್ಕಾರ ಹಾಕಿದರು. ಗವರ್ನರ್ ಸಾಹೇಬರು ಜಗ್ಗಲಿಲ್ಲ.