ಒಡೆಯ, ಆಳು ಮತ್ತು ಬೀಸುಕಲ್ಲು

ಅರಸುಮನೆತನಗಳ ಹೆಸರುಗಳನ್ನೂ ಯುದ್ಧಗಳ ಇಸವಿಗಳನ್ನೂ ಬಾಯಿಪಾಠ ಮಾಡುವುದೇ ಇತಿಹಾಸವೆಂಬ ಭಾವನೆ ವಿದ್ಯಾರ್ಥಿಗಳಲ್ಲಿ ಬಹುಕಾಲದಿಂದ ಬೇರೂರಿದೆ. ಮಧ್ಯಯುಗದ ಯೂರೋಪನ್ನು ಹೊಲದ ಬದುವಿನ ಮೇಲೆ ನಿಂತು ನೋಡಿದ ಫ್ರೆಂಚ್ ವಿದ್ವಾಂಸ ಮಾರ್ಕ್ ಬ್ಲಾಕ್ (1886–1944) ಅವರ ಕೃತಿಗಳನ್ನು ಓದಿದವರಲ್ಲಿ ಆ ಭಾವನೆ ಉಳಿಯಲಾರದು.

ಸ್ಟ್ರಾಸ್‌ಬರ್ಗಿನಲ್ಲಿ ಪ್ರಾಧ್ಯಾಪಕರಾಗಿದ್ದ ಬ್ಲಾಕ್, 1929ರಲ್ಲಿ ಲೂಸಿಯನ್ ಫೆವ್ರ್ ಅವರೊಡಗೂಡಿ ‘ಅನಾಲ್’ ಪತ್ರಿಕೆಯನ್ನು ಸ್ಥಾಪಿಸಿದರು. 1931ರ ಗ್ರಂಥದಲ್ಲಿ ಹೊಲಗಳ ಆಕಾರ, ನೇಗಿಲಿನ ಬಗೆ, ಹಳೆಯ ನಕ್ಷೆಗಳು ಇವನ್ನೇ ಆಧಾರವಾಗಿಟ್ಟುಕೊಂಡು ಫ್ರಾನ್ಸಿನ ಗ್ರಾಮಜೀವನವನ್ನು ನಿರೂಪಿಸಿದರು.

1939–40ರಲ್ಲಿ ಎರಡು ಸಂಪುಟಗಳಲ್ಲಿ ಹೊರಬಂದ ‘ಊಳಿಗಮಾನ್ಯ ಸಮಾಜ’ ಅವರ ಮೇರುಕೃತಿ. ಒಂಬತ್ತು, ಹತ್ತನೆಯ ಶತಮಾನಗಳಲ್ಲಿ ವೈಕಿಂಗರು, ಹಂಗೇರಿಯನ್ನರು ದಂಡೆತ್ತಿ ಬಂದಾಗ ರಾಜಶಕ್ತಿ ಕುಗ್ಗಿ, ದುರ್ಬಲರು ಬಲಿಷ್ಠರ ಆಶ್ರಯವನ್ನು ಅರಸಿದರು. ಸಾಮಂತನಾಗುವವನು ತನ್ನ ಜೋಡಿಸಿದ ಕೈಗಳನ್ನು ಒಡೆಯನ ಅಂಗೈಗಳ ನಡುವೆ ಇರಿಸಿ ಆತನ ‘ಆಳು’ ಎಂದು ಒಪ್ಪಿಕೊಳ್ಳುತ್ತಿದ್ದನು. ಕುದುರೆಯೇರಿದ ಯೋಧನೂ ಆಳು. ಮಣ್ಣುಗೆಯ್ಯುವ ಜೀತದ ಒಕ್ಕಲೂ ಆಳು. ಆದರೆ ಮೊದಲನೆಯವನು ತಾನಾಗಿ ಕೈನೀಡಿದವನು; ಎರಡನೆಯವನಿಗೆ ಆ ಕಟ್ಟು ಹುಟ್ಟಿನೊಡನೆ ಬಂದದ್ದು.

ಈ ಕಟ್ಟಿನ ಭಾರವನ್ನು ಮನಗಾಣಿಸಲು ಬ್ಲಾಕ್ ಅವರ 1935ರ ಪ್ರಬಂಧವೊಂದೇ ಸಾಕು. ಅದರ ವಿಷಯ ನೀರಿನ ಗಿರಣಿ. ರೋಮನರ ಕಾಲದಲ್ಲೇ ತಿಳಿದಿದ್ದ ಈ ಯಂತ್ರ ಹಳ್ಳಿಹಳ್ಳಿಗೆ ಹಬ್ಬಿದ್ದು ಮಧ್ಯಯುಗದಲ್ಲಿ. ಅನೇಕ ಒಡೆಯರು ತಮ್ಮ ಗಿರಣಿಯಲ್ಲೇ, ತಮಗೆ ಪಾಲು ಕೊಟ್ಟೇ ಕಾಳು ಬೀಸಿಸಬೇಕೆಂದು ಕಟ್ಟುಮಾಡಿದರು. ಮನೆಯ ಬೀಸುಕಲ್ಲು ಅಪರಾಧವಾಯಿತು. ಇಂಗ್ಲೆಂಡಿನ ಸೇಂಟ್ ಆಲ್ಬನ್ಸ್ ಮಠವು ಹದಿನಾಲ್ಕನೆಯ ಶತಮಾನದಲ್ಲಿ ಪಟ್ಟಣಿಗರ ಬೀಸುಕಲ್ಲುಗಳನ್ನು ವಶಪಡಿಸಿಕೊಂಡು ತನ್ನ ನೆಲಕ್ಕೆ ಹಾಸಿತು. 1381ರ ರೈತ ಬಂಡಾಯದಲ್ಲಿ ಜನ ಒಳನುಗ್ಗಿ, ಆ ನೆಲವನ್ನು ಅಗೆದು, ಕಲ್ಲಿನ ಚೂರುಗಳನ್ನು ಪ್ರಸಾದದಂತೆ ಹಂಚಿಕೊಂಡರು. ಒಂದು ತಲೆಮಾರು ಕಳೆದರೂ ಆ ಕಲ್ಲುಗಳು ಯಾರವೆಂಬುದನ್ನು ಅವರು ಮರೆತಿರಲಿಲ್ಲ.

1940ರಲ್ಲಿ ಫ್ರಾನ್ಸ್ ಸೋತಿತು. ಯೆಹೂದಿಯಾದ ಬ್ಲಾಕ್ ತಮ್ಮ ಪುಸ್ತಕ ಭಂಡಾರವನ್ನೂ ಕಳೆದುಕೊಂಡರು. ಆ ಕಷ್ಟಕಾಲದಲ್ಲಿ ಇತಿಹಾಸಕಾರನ ಕಾಯಕವನ್ನು ಕುರಿತು ಬರೆಯಲು ತೊಡಗಿದ ಗ್ರಂಥವು, ಇತಿಹಾಸದಿಂದ ಏನು ಪ್ರಯೋಜನವೆಂದು ಬಾಲಕನೊಬ್ಬನು ತಂದೆಯನ್ನು ಕೇಳುವ ಪ್ರಶ್ನೆಯಿಂದ ಆರಂಭವಾಗುತ್ತದೆ. ಗ್ರಂಥ ಮುಗಿಯಲಿಲ್ಲ. ಲಿಯೋನ್ ನಗರದಲ್ಲಿ ನಾಜಿಗಳ ವಿರುದ್ಧ ಗುಪ್ತ ಹೋರಾಟಕ್ಕಿಳಿದ ಅವರನ್ನು 1944ರ ಮಾರ್ಚಿಯಲ್ಲಿ ಬಂಧಿಸಿ, ಚಿತ್ರಹಿಂಸೆಗೆ ಗುರಿಪಡಿಸಿ, ಜೂನ್ 16ರಂದು ಗುಂಡಿಕ್ಕಿ ಕೊಂದರು.

1949ರಲ್ಲಿ ಫೆವ್ರ್ ಆ ಅಪೂರ್ಣ ಗ್ರಂಥವನ್ನು ಪ್ರಕಟಿಸಿದರು. ತರಗತಿಯಲ್ಲಿ ಯಾವ ಬಾಲಕನಾದರೂ ಅದೇ ಪ್ರಶ್ನೆಯನ್ನು ಕೇಳಿದರೆ ಅಧ್ಯಾಪಕರು ಅವನನ್ನು ಗದರಿಸಿ ಕೂರಿಸಬಾರದು. ಅದು ಒಬ್ಬ ಮಹಾ ವಿದ್ವಾಂಸನು ಕಷ್ಟಕಾಲದಲ್ಲೂ ಉತ್ತರ ಬರೆಯಲು ತೊಡಗಿದ ಪ್ರಶ್ನೆ.