ಪರದೇಶಿಯ ನಾದ
'ಪರದೇಶಿ' ಎಂಬ ನಮ್ಮ ಮಾತಿಗೆ ಎರಡು ಅರ್ಥಗಳುಂಟು: ಅನ್ಯದೇಶದವನು, ದಿಕ್ಕಿಲ್ಲದವನು. 1880ರಲ್ಲಿ ಮಾಸ್ಕೋದಲ್ಲಿ ಜನಿಸಿದ ನಿಕೊಲಾಯ್ ಮೆಟ್ನರನಿಗೆ ಎರಡೂ ಸಂದುವು. ಶ್ರೇಷ್ಠ ಪಿಯಾನೋ ವಾದಕನೂ ಸಂಗೀತರಚನಕಾರನೂ ಆದ ಈತನು ಕ್ರಾಂತಿಯ ತರುವಾಯ 1921ರಲ್ಲಿ ಸ್ವದೇಶವನ್ನು ತೊರೆದು, ಜರ್ಮನಿ, ಫ್ರಾನ್ಸುಗಳಲ್ಲಿ ಅಲೆದು, ಲಂಡನ್ನಿನಲ್ಲಿ ನೆಲೆಸಿದನು. ಲೋಕದ ರುಚಿ ಬದಲಾದರೂ ಆತನು ಹಿರಿಯರ ಮಾರ್ಗವನ್ನು ಬಿಡಲೊಲ್ಲದೆ ಹೋದನು. ಎರಡನೆಯ ಮಹಾಯುದ್ಧದಿಂದ ಜರ್ಮನಿಯ ಪ್ರಕಾಶಕರು ಕಳುಹಿಸುತ್ತಿದ್ದ ಹಣವೂ ನಿಂತಿತು, ದೇಹವೂ ಕುಗ್ಗಿತು.

ಆಗ ದಿಕ್ಕಾದವರು ಮೈಸೂರಿನ ಜಯಚಾಮರಾಜ ಒಡೆಯರು. ಕರ್ನಾಟಕ ಸಂಗೀತದಲ್ಲಿ 94 ಕೃತಿಗಳನ್ನು ರಚಿಸಿದ ಆ ರಸಜ್ಞರು, ಮೆಟ್ನರನ ಹೆಸರಿನ ಸಂಘವೊಂದನ್ನು ಸ್ಥಾಪಿಸಿ, ಆತನ ಕೃತಿಗಳನ್ನು ಆತನಿಂದಲೇ ನುಡಿಸಿ ಧ್ವನಿಮುದ್ರಿಸಲು ಧನವಿತ್ತರು. ಮೂರನೆಯ ಪಿಯಾನೋ ಕಾನ್ಸರ್ಟೊವನ್ನು ಆತನು ಅರಸರಿಗೆ ಅರ್ಪಿಸಿದನು. 1951ರಲ್ಲಿ ಲಂಡನ್ನಿನಲ್ಲಿಯೇ ಕಣ್ಮುಚ್ಚಿದನು. ಆ ಮುದ್ರಿಕೆಗಳು ಉಳಿದಿವೆ. ಆತನ ಕೈಯ ನುಡಿಸಾಣಿಕೆಯನ್ನು ಇಂದಿಗೂ ಕೇಳಬಹುದಾಗಿದೆ.